ರಾಜಕಾರ್ಯದಲ್ಲಿರುವವನ ವ್ರತ

ದಶಲಕ್ಷಣ ಪರ್ವದ ದಿನಗಳಲ್ಲಿ ಶ್ರಾವಕರ ಮನೆಗಳಲ್ಲಿ ಒಂದಲ್ಲ ಒಂದು ನಿಯಮವನ್ನು ಸ್ವೀಕರಿಸುವ ರೂಢಿಯುಂಟು. ಒಬ್ಬರು ರಾತ್ರಿಭೋಜನವನ್ನು ಬಿಡುತ್ತಾರೆ, ಮತ್ತೊಬ್ಬರು ಕಂದಮೂಲಗಳನ್ನು ಬಿಡುತ್ತಾರೆ, ಶಕ್ತಿಯುಳ್ಳವರು ಅನಂತ ಚತುರ್ದಶಿಯಂದು ನಿರ್ಜಲ ಉಪವಾಸವಿರುತ್ತಾರೆ. ಆಹಾರಕ್ಕೆ ಸಂಬಂಧಿಸಿದ ಈ ನಿಯಮಗಳಲ್ಲಿ ಕಷ್ಟವಿದ್ದರೂ ಗೊಂದಲವಿಲ್ಲ. ತಟ್ಟೆಯಲ್ಲಿ ಏನಿದೆ, ಸೂರ್ಯನು ಮುಳುಗಿದನೋ ಇಲ್ಲವೋ ಎಂಬುದು ಕಣ್ಣಿಗೆ ಕಾಣುತ್ತದೆ. ಗೊಂದಲವು ಮೊದಲಾಗುವುದು ಶ್ರಾವಕನು ಮನೆಯ ಹೊಸಿಲನ್ನು ದಾಟಿದ ಮೇಲೆ. ದೇವದುರ್ಗ ತಾಲ್ಲೂಕಿನ ಜಾಲಹಳ್ಳಿಯಂತಹ ಊರಿನಲ್ಲಿ ಪಂಚಾಯತಿಯ ಸದಸ್ಯನಾದವನು, ಕಾಲುವೆಯ ನೀರಿನ ಸರದಿಯನ್ನು ತೀರ್ಮಾನಿಸಬೇಕಾದವನು, ಕಂದಾಯದ ಕಚೇರಿಯಲ್ಲಿ ಕುಳಿತವನು, ಪೊಲೀಸು ಇಲಾಖೆಯಲ್ಲೋ ಸೈನ್ಯದಲ್ಲೋ ಸೇವೆಗೆ ಸೇರಿದವನು, ಇವರೆಲ್ಲರೂ ಒಂದೇ ಪ್ರಶ್ನೆಯನ್ನು ಎದುರಿಸುತ್ತಾರೆ. ಹತ್ತು ಜನರ ಕೆಲಸವನ್ನು ಹೊತ್ತವನಿಗೆ ಅಣುವ್ರತಗಳ ಪಾಲನೆ ಸಾಧ್ಯವೇ? ಕಚೇರಿ ಬೇಕಾದರೆ ವ್ರತವನ್ನು ಬಿಡಬೇಕು, ವ್ರತ ಬೇಕಾದರೆ ಕಚೇರಿಯನ್ನು ಬಿಡಬೇಕು ಎಂದು ಹೇಳುವವರುಂಟು. ಹಾಗೆ ಹೇಳಿ ಎರಡನ್ನೂ ಅರ್ಧರ್ಧ ಹಿಡಿದುಕೊಂಡಿರುವವರೂ ಉಂಟು.

ಈ ಪ್ರಶ್ನೆಯನ್ನು ಕನ್ನಡ ನಾಡಿನ ಜೈನರು ಪುಸ್ತಕದಿಂದ ಕಲಿತವರಲ್ಲ. ಈ ನಾಡಿನ ಮಂತ್ರಿಗಳೂ ದಂಡನಾಯಕರೂ ಎಷ್ಟೋ ಶತಮಾನಗಳ ಕಾಲ ಜಿನಭಕ್ತರಾಗಿದ್ದರು. ಗಂಗರ ಚಾವುಂಡರಾಯನ ಹೆಸರನ್ನು ಅರಿಯದ ಮನೆಯಿಲ್ಲ. ಅವನಷ್ಟು ಪ್ರಸಿದ್ಧನಲ್ಲದಿದ್ದರೂ ಈ ಪ್ರಶ್ನೆಗೆ ಅವನಿಗಿಂತ ಹೆಚ್ಚು ಹತ್ತಿರವಾದವನು ಹೊಯ್ಸಳ ವಿಷ್ಣುವರ್ಧನನ ಮಹಾಪ್ರಧಾನನೂ ದಂಡನಾಯಕನೂ ಆಗಿದ್ದ ಗಂಗರಾಜನು. ರಾಯಚೂರು ಸೀಮೆಯ ಓದುಗರಿಗೆ ಆತನ ವಿಷಯದಲ್ಲಿ ಒಂದು ವಿಶೇಷ ಆಸಕ್ತಿ ಇರಬಹುದು. ಗಂಗವಾಡಿ ತೊಂಬತ್ತಾರು ಸಾಸಿರದಲ್ಲಿ ಆತನು ಜೀರ್ಣವಾಗಿದ್ದ ಬಸದಿಗಳನ್ನು ಎತ್ತಿಸಿದ ಬಗೆಯನ್ನು ಹೊಗಳುವಾಗ ಶಾಸನಕವಿಗೆ ದೊರೆತ ಉಪಮಾನ ಕೋಪಣ. ಗಂಗವಾಡಿಯೆಲ್ಲ ಕೋಪಣದಂತೆ ಬೆಳಗಿತೆಂದು ಅವನು ಹೇಳುತ್ತಾನೆ. ಆ ಕೋಪಣವೇ ಇಂದಿನ ಕೊಪ್ಪಳ. 1997ರಲ್ಲಿ ಪ್ರತ್ಯೇಕ ಜಿಲ್ಲೆಯಾಗುವವರೆಗೆ ಅದು ರಾಯಚೂರು ಜಿಲ್ಲೆಗೆ ಸೇರಿತ್ತು. ದಕ್ಷಿಣದಲ್ಲಿ ಧರ್ಮಕಾರ್ಯ ಮಾಡಿದವನನ್ನು ಅಳೆಯುವುದಕ್ಕೆ ಆ ಕಾಲದಲ್ಲಿ ಈ ಸೀಮೆಯ ತೀರ್ಥವೇ ಅಳತೆಗೋಲಾಗಿತ್ತೆಂಬುದು ಸಣ್ಣ ಮಾತಲ್ಲ.

ಗಂಗರಾಜನ ತಂದೆ ಏಚಿರಾಜ, ತಾಯಿ ಪೋಚಲದೇವಿ, ಹೆಂಡತಿ ಲಕ್ಷ್ಮಿ. ಗಂಗರಾಜನೂ ಲಕ್ಷ್ಮಿಯೂ ಮೂಲಸಂಘದ ಶುಭಚಂದ್ರ ಸಿದ್ಧಾಂತದೇವರ ಶಿಷ್ಯರು. ಆಹಾರ, ಅಭಯ, ಔಷಧ, ಶಾಸ್ತ್ರ ಎಂಬ ನಾಲ್ಕು ದಾನಗಳಲ್ಲಿ ಲಕ್ಷ್ಮಿಗೆ ಸಮಾನರಿಲ್ಲವೆಂದು ಶ್ರವಣಬೆಳಗೊಳದ ಶಾಸನ ಹೊಗಳುತ್ತದೆ. ಇದು ಮನೆಯೊಳಗಿನ ಚಿತ್ರ. ಮನೆಯ ಹೊರಗೆ ಆತನ ಬಿರುದು ‘ದ್ರೋಹಘರಟ್ಟ’. ಎಂದರೆ ದ್ರೋಹಿಗಳನ್ನು ನುಣ್ಣಗೆ ಬೀಸಿಹಾಕುವ ಬೀಸುವ ಕಲ್ಲು. ಒಬ್ಬನೇ ಮನುಷ್ಯನಿಗೆ ಈ ಎರಡೂ ಹೇಗೆ ಸಲ್ಲುತ್ತವೆ?

ಆತನ ರಾಜಕಾರ್ಯದ ಎರಡು ಸಂದರ್ಭಗಳನ್ನು ನೋಡಬೇಕು. ತಲಕಾಡು ಆಗ ಚೋಳರ ವಶದಲ್ಲಿತ್ತು. ಘಟ್ಟದ ಮೇಲಣ ಗಂಗವಾಡಿಯ ಗಡಿಯಲ್ಲಿ ಬಾಗಿಲಿಗೆ ಅಗುಳಿ ಹಾಕಿದಂತೆ ಚೋಳನ ಸಾಮಂತ ಅಡಿಯಮನು ಬೀಡುಬಿಟ್ಟಿದ್ದನು. ನಾಡನ್ನು ಬಿಟ್ಟುಕೊಡಬೇಕೆಂಬ ಬೇಡಿಕೆ ಮೊದಲು ಹೋಯಿತು. ಅಡಿಯಮನು ಕೊಡಲೊಲ್ಲದೆ, ಕಾದಿ ತೆಗೆದುಕೊಳ್ಳಿರೆಂದನು. ಆಮೇಲೆ ಕಾಳಗ. ತಲಕಾಡು ಹೊಯ್ಸಳರ ವಶವಾಯಿತು, ವಿಷ್ಣುವರ್ಧನನಿಗೆ ತಲಕಾಡುಗೊಂಡ ಎಂಬ ಬಿರುದು ಬಂದಿತು. ಇದು 1116ರ ಸುಮಾರಿನ ಮಾತು. ಮಾತು ಮೊದಲು, ಕತ್ತಿ ಆಮೇಲೆ ಎಂಬ ಕ್ರಮವಾದರೂ ಇಲ್ಲಿ ಉಳಿದಿದೆ.

ಎರಡನೆಯ ಸಂದರ್ಭ ಅಷ್ಟು ಸರಳವಲ್ಲ. ಚಾಲುಕ್ಯ ಚಕ್ರವರ್ತಿ ತ್ರಿಭುವನಮಲ್ಲ ಪೆರ್ಮಾಡಿಯ ಸೈನ್ಯ ಹನ್ನೆರಡು ಮಂದಿ ಸಾಮಂತರೊಡನೆ ಕಣ್ಣೆಗಾಲದಲ್ಲಿ ಬೀಡುಬಿಟ್ಟಿತ್ತು. ಗಂಗರಾಜನು ಕುದುರೆಯೇರಿ, ಇರುಳ ಕಾಳಗವೆಂಬುದನ್ನೂ ಲೆಕ್ಕಿಸದೆ ಬೀಡಿನ ಮೇಲೆ ಬಿದ್ದನು. ಸಾಮಂತರು ಚದುರಿದರು. ಅವರ ಭಂಡಾರ, ವಾಹನಗಳೆಲ್ಲ ವಶವಾದವು. ಎಲ್ಲವನ್ನೂ ಆತನು ತಂದು ಒಡೆಯನಿಗೆ ಒಪ್ಪಿಸಿದನು. ಹೊಯ್ಸಳರು ಆಗ ಹೆಸರಿಗಾದರೂ ಚಾಲುಕ್ಯರ ಸಾಮಂತರೇ. ಸ್ವಾಮಿದ್ರೋಹವನ್ನು ಬೀಸಿಹಾಕುವವನೆಂದು ಹೆಸರಾದ ದಂಡನಾಯಕನು ತನ್ನ ಒಡೆಯನ ಒಡೆಯನ ಬೀಡಿನ ಮೇಲೆಯೇ ಇರುಳಿನಲ್ಲಿ ಎರಗಿದನು. ಶಾಸನಕ್ಕೆ ಇದರಲ್ಲಿ ಯಾವ ತೊಡಕೂ ಕಾಣಲಿಲ್ಲ.

ಮೆಚ್ಚಿದ ಅರಸನು ಬೇಡಿದ್ದನ್ನು ಕೊಡುವೆನೆಂದನು. ರಾಜ್ಯಭಾಗವನ್ನು ಕೇಳಿದ್ದರೂ ಧನವನ್ನು ಕೇಳಿದ್ದರೂ ದೊರೆಯುವ ಗಳಿಗೆ ಅದು. ಗಂಗರಾಜನು ಪರಮ ಎಂಬ ಒಂದು ಗ್ರಾಮವನ್ನು ಕೇಳಿದನು. ಪಡೆದ ಗ್ರಾಮವನ್ನು ತನ್ನ ಮನೆತನದ ಹೆಸರಿಗೆ ಬರೆಸಿಕೊಳ್ಳಲಿಲ್ಲ. ತಾಯಿ ಪೋಚಲದೇವಿಯೂ ಹೆಂಡತಿ ಲಕ್ಷ್ಮಿಯೂ ಮಾಡಿಸಿದ್ದ ಜಿನಾಲಯಗಳ ಪೂಜೆಗೆಂದು ಅದನ್ನು ಬಿಟ್ಟುಕೊಟ್ಟನು. ಇದು 1118ರ ದಾನ. ಇನ್ನೊಮ್ಮೆ ಇಂಥದೇ ವರ ದೊರೆತಾಗ ಗೋವಿಂದವಾಡಿಯನ್ನು ಕೇಳಿ ಪಡೆದು ಗೊಮ್ಮಟೇಶ್ವರನ ಪೂಜೆಗೆ ಕೊಟ್ಟನು. ಗೊಮ್ಮಟನ ಸುತ್ತಲಿನ ಸುತ್ತಾಲಯವನ್ನು ಮಾಡಿಸಿದವನೂ ಆತನೇ. ವಿಗ್ರಹದ ಅಕ್ಕಪಕ್ಕದಲ್ಲಿ ಚಾವುಂಡರಾಯನ ಹೆಸರಿನೊಡನೆ ಅವನ ಹೆಸರನ್ನೂ ಕನ್ನಡದಲ್ಲಿಯೂ ಮರಾಠಿಯಲ್ಲಿಯೂ ಕೆತ್ತಿರುವುದನ್ನು ಯಾತ್ರಿಕರು ಕಾಣುತ್ತಾರೆ.

ಗಂಗರಾಜನು ಇಂಥ ವ್ರತವನ್ನು ಇಂಥ ದಿನ ಸ್ವೀಕರಿಸಿದನೆಂದು ಪರಮದ ಈ ದಾನಕಥೆ ಹೇಳುವುದಿಲ್ಲ. ಆದರೆ ಅವನ ನಡೆ ಪರಿಗ್ರಹ ಪರಿಮಾಣವನ್ನು ಅರಿತವನ ನಡೆಯಂತೆಯೇ ಇದೆ. ಪರಿಗ್ರಹ ಪರಿಮಾಣವೆಂದರೆ ಏನೂ ಇಲ್ಲದಿರುವುದಲ್ಲ. ಇಷ್ಟು ಸಾಕೆಂದು ಮುಂಚಿತವಾಗಿ ಗೆರೆ ಎಳೆದಿಟ್ಟುಕೊಳ್ಳುವುದು. ಗೆರೆಯನ್ನು ಮುಂಚಿತವಾಗಿ ಎಳೆಯಬೇಕೆಂಬುದೇ ಇಲ್ಲಿನ ತಿರುಳು. ಅರಸನು ಬೊಕ್ಕಸದ ಬಾಗಿಲನ್ನು ತೆರೆದು ನಿಂತಾಗ ಗೆರೆ ಎಳೆಯಲು ಕುಳಿತವನ ಕೈ ನಡುಗದೆ ಇರದು. ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಐದು ಅಣುವ್ರತಗಳಿಗೆ ಐದು ಮಂದಿಯನ್ನು ನಿದರ್ಶನವಾಗಿ ಹೆಸರಿಸುತ್ತಾರೆ. ಪರಿಗ್ರಹ ಪರಿಮಾಣಕ್ಕೆ ಅವರು ಆರಿಸಿದ್ದು ಕಾಡಿನಲ್ಲಿದ್ದ ವಿರಾಗಿಯನ್ನಲ್ಲ, ಭರತ ಚಕ್ರವರ್ತಿಯ ಸೇನಾಪತಿಯಾಗಿದ್ದ ಜಯಕುಮಾರನನ್ನು. ಕೈಗೆಟುಕುವಂತೆ ಸಂಪತ್ತಿದ್ದವನ ಮಿತಿಗೇ ಆಚಾರ್ಯರು ಬೆಲೆ ಕಟ್ಟಿದರು. ರಾಜಕಾರ್ಯದಲ್ಲಿ ವ್ರತ ಸಾಧ್ಯವಿಲ್ಲವೆನ್ನುವವರು ಆ ಆಯ್ಕೆಯನ್ನು ಗಮನಿಸಿದಂತಿಲ್ಲ.

ಗುರುವಿಲ್ಲದೆ, ಸಂಘವಿಲ್ಲದೆ, ಬರಿಯ ತನ್ನ ವಿವೇಕವನ್ನೇ ಸಾಕ್ಷಿಯಾಗಿಟ್ಟುಕೊಂಡು ಇಂಥ ನಿಯಮಗಳನ್ನು ಪಾಲಿಸಲು ಹೊರಟವನ ಗತಿ ಏನಾದೀತು? ಇದನ್ನು ಅರಿಯಲು ಒಮ್ಮೆ ಸಮುದ್ರದಾಚೆಗೆ ನೋಡಬೇಕು. ಅಮೆರಿಕ ದೇಶವು ಸ್ವತಂತ್ರವಾದ ಕಾಲದಲ್ಲಿ ಅದರ ರಾಯಭಾರಿಯಾಗಿ ಫ್ರಾನ್ಸಿನಲ್ಲಿದ್ದ ಬೆಂಜಮಿನ್ ಫ್ರಾಂಕ್ಲಿನ್ 1706ರಲ್ಲಿ ಬಾಸ್ಟನ್ ನಗರದಲ್ಲಿ ಹುಟ್ಟಿದವನು. ಮೇಣದಬತ್ತಿ, ಸಾಬೂನು ಮಾಡುವವನ ಮಗ, ಅಚ್ಚುಮೊಳೆ ಜೋಡಿಸುತ್ತ ಬೆಳೆದವನು. ಮಿಂಚು ಮತ್ತು ವಿದ್ಯುತ್ತು ಒಂದೇ ಎಂದು ತೋರಿಸಿದವರಲ್ಲಿ ಒಬ್ಬನೆಂದು ಶಾಲೆಯ ಮಕ್ಕಳೂ ಅವನನ್ನು ಬಲ್ಲರು. 1778ರಲ್ಲಿ ಫ್ರಾನ್ಸಿನೊಡನೆ ಮೈತ್ರಿಯ ಒಪ್ಪಂದ, 1783ರಲ್ಲಿ ಇಂಗ್ಲೆಂಡಿನೊಡನೆ ಸಂಧಿ, 1787ರಲ್ಲಿ ಆ ದೇಶದ ಸಂವಿಧಾನ, ಈ ಮೂರಕ್ಕೂ ಅವನ ಸಹಿ ಇದೆ.

ಈತನು ಸುಮಾರು ಹದಿನಾರನೆಯ ವಯಸ್ಸಿನಲ್ಲಿ ಟ್ರಯಾನ್ ಎಂಬ ಆಂಗ್ಲ ಲೇಖಕನ ಪುಸ್ತಕವನ್ನೋದಿ ಮಾಂಸಾಹಾರವನ್ನು ಬಿಟ್ಟನು. ಮೀನನ್ನು ಹಿಡಿಯುವುದೂ ಒಂದು ಬಗೆಯ ನಿಷ್ಕಾರಣ ಕೊಲೆಯೆಂದು ಅವನಿಗೆ ತೋರಿತ್ತು. ಯಾವ ಜೈನ ಗ್ರಂಥವನ್ನೂ ಕಾಣದ ಹುಡುಗನಿಗೆ, ಸುತ್ತಲೂ ಮೀನುಗಾರರೇ ತುಂಬಿದ ಬಂದರಿನಲ್ಲಿ, ಈ ಭಾವ ಹುಟ್ಟಿದ್ದು ಸಂತೋಷದ ಸಂಗತಿ. ಊಟದಲ್ಲಿ ಉಳಿದ ಹಣವನ್ನು ಅವನು ಪುಸ್ತಕಗಳಿಗೆ ವೆಚ್ಚಮಾಡಿದನು. ಆಮೇಲೆ ಬಾಸ್ಟನ್ನಿನಿಂದ ಹಡಗಿನಲ್ಲಿ ಹೊರಟಾಗ ಗಾಳಿ ನಿಂತು ಹಡಗೂ ನಿಂತಿತು. ಜನರು ಬೇಸರ ಕಳೆಯಲು ಕಾಡ್ ಮೀನುಗಳನ್ನು ಹಿಡಿದು ಕರಿಯತೊಡಗಿದರು. ಬಾಣಲೆಯಿಂದ ಬಂದ ವಾಸನೆ ಹಿಂದೆ ಅವನಿಗೆ ಪ್ರಿಯವಾಗಿದ್ದ ವಾಸನೆ. ನಿಯಮಕ್ಕೂ ನಾಲಗೆಗೂ ಸ್ವಲ್ಪ ಹೊತ್ತು ಜಗ್ಗಾಟ ನಡೆಯಿತು. ಅಷ್ಟರಲ್ಲಿ, ಮೀನನ್ನು ಸೀಳುವಾಗ ಅದರ ಹೊಟ್ಟೆಯಲ್ಲಿ ಸಣ್ಣ ಮೀನುಗಳಿದ್ದುದು ಅವನಿಗೆ ನೆನಪಾಯಿತು. ಮೀನು ಮೀನನ್ನು ತಿನ್ನುವುದಾದರೆ ಮನುಷ್ಯನು ಮೀನನ್ನು ತಿಂದರೆ ತಪ್ಪೇನೆಂದು ತರ್ಕಿಸಿ, ಹೊಟ್ಟೆ ತುಂಬ ತಿಂದನು. ಮುಪ್ಪಿನಲ್ಲಿ ಬರೆದ ಆತ್ಮಕಥೆಯಲ್ಲಿ ಇದನ್ನು ಅವನು ಮುಚ್ಚಿಟ್ಟಿಲ್ಲ. ಬುದ್ಧಿಯುಳ್ಳ ಪ್ರಾಣಿಯಾಗಿರುವುದು ಎಷ್ಟು ಅನುಕೂಲ, ಮಾಡಬೇಕೆಂದಿರುವುದಕ್ಕೆಲ್ಲ ಒಂದು ಕಾರಣವನ್ನು ಹುಡುಕಿಕೊಡುತ್ತದೆ ಎಂಬ ಅರ್ಥದಲ್ಲಿ ತನ್ನನ್ನು ತಾನೇ ನಗೆಯಾಡಿದ್ದಾನೆ. ಆ ಪ್ರಾಮಾಣಿಕತೆಯನ್ನು ಮೆಚ್ಚಬೇಕು. ಎಷ್ಟೋ ಮಂದಿ ಬಾಣಲೆಯ ಮುಂದೆ ನಿಂತು ಇದೇ ತರ್ಕವನ್ನು ಮಾಡುತ್ತಾರೆ, ಆದರೆ ಬರೆದಿಡುವುದಿಲ್ಲ.

ಮುಂದೆ ಗೃಹಸ್ಥನಾದ ಮೇಲೆ ಅವನು ಹದಿಮೂರು ಗುಣಗಳ ಒಂದು ಪಟ್ಟಿಯನ್ನು ಮಾಡಿಕೊಂಡನು. ಮಿತಾಹಾರ, ಮೌನ, ಕ್ರಮಬದ್ಧತೆ, ದೃಢತೆ, ಮಿತವ್ಯಯ, ಉದ್ಯೋಗಶೀಲತೆ, ನಿಷ್ಕಪಟ, ನ್ಯಾಯ, ಸಮತೆ, ಶುಚಿತ್ವ, ಶಾಂತಿ, ಶೀಲ, ವಿನಯ. ಒಂದೊಂದು ವಾರ ಒಂದೊಂದು ಗುಣದ ಮೇಲೆ ಗಮನ. ಹದಿಮೂರು ವಾರಕ್ಕೆ ಒಂದು ಸುತ್ತು, ವರ್ಷಕ್ಕೆ ನಾಲ್ಕು ಸುತ್ತು. ಸಣ್ಣ ಪುಸ್ತಕದಲ್ಲಿ ಗೆರೆ ಹಾಕಿಕೊಂಡು, ಪ್ರತಿ ಸಂಜೆ ಅಂದಿನ ತಪ್ಪುಗಳಿಗೆ ಒಂದೊಂದು ಕರಿಚುಕ್ಕೆ ಇಡುತ್ತಿದ್ದನು. ಸಾಯಂಕಾಲದ ಪ್ರತಿಕ್ರಮಣವನ್ನು ಬಲ್ಲವರಿಗೆ ಈ ಕರಿಚುಕ್ಕೆಗಳು ಪರಕೀಯವೆನಿಸಲಾರವು. ಆದರೆ ಆ ಪಟ್ಟಿಯನ್ನು ಎರಡು ಸಲ ಓದಿದರೆ ಒಂದು ಕೊರತೆ ಕಾಣುತ್ತದೆ. ನ್ಯಾಯವೆಂಬ ಹೆಸರಿನಲ್ಲಿ ಪರರಿಗೆ ಕೇಡು ಮಾಡಬಾರದೆಂಬ ಮಾತಿದೆ. ಹಡಗಿನಲ್ಲಿ ಕೈಬಿಟ್ಟ ಜೀವದಯೆ ಮಾತ್ರ ಆ ಪಟ್ಟಿಗೆ ಮತ್ತೆ ಬರಲಿಲ್ಲ. ಒಮ್ಮೆ ತರ್ಕಕ್ಕೆ ಸೋತ ನಿಯಮವನ್ನು ಅವನು ಪಟ್ಟಿಯ ಹೊರಗೇ ಇಟ್ಟನು.

ರಾಜದಾನವೂ ಅವನ ಪಾಲಿಗೆ ಬಂದಿತು. 1785ರಲ್ಲಿ ಫ್ರಾನ್ಸನ್ನು ಬಿಟ್ಟು ಹೊರಡುವಾಗ ದೊರೆ ಹದಿನಾರನೆಯ ಲೂಯಿ ತನ್ನ ಚಿತ್ರವನ್ನು 408 ವಜ್ರಗಳ ಕಟ್ಟಿನಲ್ಲಿ ಕೂರಿಸಿ ಉಡುಗೊರೆಯಾಗಿ ಕೊಟ್ಟನು. ಪರದೇಶದ ಅರಸರಿಂದ ರಾಜ್ಯಸೇವಕರು ಉಡುಗೊರೆ ಪಡೆಯಬಾರದೆಂಬುದು ಅಮೆರಿಕದ ಅಂದಿನ ಕಟ್ಟಳೆ. ಫ್ರಾಂಕ್ಲಿನ್ ಅದನ್ನು ಬಚ್ಚಿಡಲಿಲ್ಲ, ತನ್ನ ದೇಶದ ಮಹಾಸಭೆಯ ಮುಂದಿಟ್ಟನು. ಇಟ್ಟುಕೊಳ್ಳಲು ಅಪ್ಪಣೆ ದೊರೆಯಿತು. ಮರಣಶಾಸನದಲ್ಲಿ ಅದನ್ನು ಮಗಳು ಸಾರಾಳಿಗೆ ಬರೆದನು. ವಜ್ರಗಳನ್ನು ಕಿತ್ತು ತನಗಾಗಲಿ ಹೆಣ್ಣುಮಕ್ಕಳಿಗಾಗಲಿ ಒಡವೆ ಮಾಡಿಸಬಾರದು, ದೇಶದಲ್ಲಿ ಅಂಥ ವ್ಯರ್ಥವಾದ ಆಡಂಬರದ ಚಾಳಿಯನ್ನು ಹುಟ್ಟಿಸಬಾರದು ಎಂಬ ಕೋರಿಕೆಯನ್ನೂ ಜೊತೆಗೆ ಬರೆದನು. ಮಗಳು ಒಡವೆ ಮಾಡಿಸಲಿಲ್ಲ. ಕೆಲವು ವಜ್ರಗಳನ್ನು ಮಾರಿ ಗಂಡನೊಡನೆ ಯುರೋಪಿನ ಪ್ರವಾಸ ಮಾಡಿ ಬಂದಳು. ಅಕ್ಷರಕ್ಕೆ ಚ್ಯುತಿಯಿಲ್ಲ. ತಂದೆ ತಾನು ಇಟ್ಟುಕೊಂಡದ್ದಕ್ಕೆ ಮಗಳ ಕಾಲದಲ್ಲಿ ಮಿತಿ ಹಾಕಲು ಹೊರಟರೆ ಹೀಗಾಗುವುದು ಸಹಜವೇ. ಪರಮ ಗ್ರಾಮವನ್ನು ಗಂಗರಾಜನು ಪಡೆದ ಕೈಯಲ್ಲೇ ಬಿಟ್ಟನು. ಮಗ ಬೊಪ್ಪನಿಗೆ ಷರತ್ತು ಬರೆಯುವ ಪ್ರಮೇಯವೇ ಬರಲಿಲ್ಲ.

ಇಷ್ಟಕ್ಕೆ ನಿಲ್ಲಿಸಿದರೆ ಲೆಕ್ಕ ಅನುಕೂಲವಾಗಿ ಮುಗಿಯುತ್ತದೆ. ಆದರೆ ಕಣ್ಣೆಗಾಲದ ಇರುಳು ಹಾಗೆಯೇ ಉಳಿದುಕೊಳ್ಳುತ್ತದೆ. ಶ್ರಾವಕನ ಹಿಂಸೆಯನ್ನು ಸಂಕಲ್ಪೀ, ಆರಂಭೀ, ಉದ್ಯೋಗೀ, ವಿರೋಧೀ ಎಂದು ನಾಲ್ಕು ಬಗೆಯಾಗಿ ವಿಂಗಡಿಸುವುದುಂಟು. ಗೃಹಸ್ಥನು ಪೂರ್ಣವಾಗಿ ಬಿಡಬೇಕಾದದ್ದು ಸಂಕಲ್ಪೀ ಹಿಂಸೆ. ಅಡುಗೆ, ಬೇಸಾಯ, ವ್ಯಾಪಾರಗಳಲ್ಲಿ ತಪ್ಪಿಸಲಾಗದ್ದನ್ನು ಯತ್ನಾಚಾರದಿಂದ ಕಡಿಮೆ ಮಾಡಿಕೊಳ್ಳಬೇಕು. ಮೇಲೆ ಬಿದ್ದವನನ್ನು ತಡೆಯುವಾಗ ಆಗುವುದು ವಿರೋಧೀ ಹಿಂಸೆ. ತಲಕಾಡಿನ ಕಾಳಗವನ್ನು ಈ ನಾಲ್ಕನೆಯ ಬಗೆಯಲ್ಲಿ ಸೇರಿಸಲು ಕೆಲವರು ಒಪ್ಪಬಹುದು. ಮಲಗಿದ ಬೀಡಿನ ಮೇಲೆ ಇರುಳಿನಲ್ಲಿ ಎರಗಿದ್ದನ್ನು? ಆ ಬೀಡು ಹೊಯ್ಸಳರ ಮೇಲೆ ಬಂದಿದ್ದ ಸೈನ್ಯದ್ದೆಂದು ಸಮರ್ಥಿಸಬಹುದು. ಆದರೆ ಹಾಗೆ ಸಮರ್ಥಿಸುವ ನಾಲಗೆ ಹಡಗಿನ ಬಾಣಲೆಯ ಮುಂದೆ ನಿಂತಿದ್ದವನ ನಾಲಗೆಗಿಂತ ಎಷ್ಟು ದೂರದಲ್ಲಿದೆ ಎಂದು ಕೇಳಿಕೊಳ್ಳಬೇಕಾಗುತ್ತದೆ. ಗಂಗರಾಜನನ್ನು ಕುರಿತ ಶಾಸನವೊಂದರಲ್ಲಿ ಏಳು ನರಕಗಳು ಯಾವುವೆಂಬ ಮಾತು ಬರುತ್ತದೆ. ಸುಳ್ಳಾಡುವುದು, ಯುದ್ಧದಲ್ಲಿ ಅಂಜುವುದು, ಪರಸ್ತ್ರೀಯನ್ನು ಬಯಸುವುದು, ಮೊರೆಹೊಕ್ಕವರನ್ನು ಬಿಟ್ಟುಕೊಡುವುದು, ಬೇಡಿದವರನ್ನು ತಣಿಸದಿರುವುದು, ನಂಬಿದವರನ್ನು ಕೈಬಿಡುವುದು, ಒಡೆಯನಿಗೆ ಎರಡು ಬಗೆಯುವುದು. ಇದು ನಿಷ್ಠೆಯ ಪಟ್ಟಿ, ಎತ್ತರವಾದ ಪಟ್ಟಿ. ಅದರಲ್ಲಿಯೂ ಕೊಲೆ ಇಲ್ಲ. ಅಂಜುವುದೇ ಎರಡನೆಯ ನರಕ. ಅಮೆರಿಕದ ರಾಯಭಾರಿಯ ಹದಿಮೂರರಲ್ಲಿಯೂ ಹೊಯ್ಸಳ ದಂಡನಾಯಕನ ಏಳರಲ್ಲಿಯೂ ಬಿಟ್ಟುಹೋದದ್ದು ಒಂದೇ. ಅಣುವ್ರತಗಳಲ್ಲಿ ಮೊದಲನೆಯದೇ ಅದು.

ಹಾಗಾದರೆ ರಾಜಸೇವೆಯಲ್ಲಿ ಅಹಿಂಸಾಣುವ್ರತಕ್ಕೆ ನಿದರ್ಶನವೇ ಇಲ್ಲವೇ? ಇದೆ, ಆದರೆ ಅದು ಮಂತ್ರಿಗಳ ಸಾಲಿನಲ್ಲಿಲ್ಲ. ಸಮಂತಭದ್ರರು ಅಹಿಂಸೆಗೆ ಹೆಸರಿಸಿದ್ದು ಯಮಪಾಲನೆಂಬ ಮಾತಂಗನನ್ನು. ರಾಜಾಜ್ಞೆಯಂತೆ ಅಪರಾಧಿಗಳ ತಲೆ ಕಡಿಯುವುದು ಅವನ ಕೆಲಸ. ರಾಜ್ಯಯಂತ್ರದ ಕಟ್ಟಕಡೆಯ ಸೇವಕ. ಮುನಿಗಳ ಮುಂದೆ ಅವನು ಸ್ವೀಕರಿಸಿದ್ದು ಬಹು ಚಿಕ್ಕ ನಿಯಮ: ಚತುರ್ದಶಿಯ ದಿನ ಕೊಲ್ಲುವುದಿಲ್ಲ. ಅಷ್ಟೇ. ಅಷ್ಟಾಹ್ನಿಕದ ದಿನಗಳಲ್ಲಿ ಜೀವಹತ್ಯೆ ಕೂಡದೆಂದು ಅರಸನು ಸಾರಿಸಿದ್ದರೂ ರಾಜಕುಮಾರನು ಟಗರೊಂದನ್ನು ಕೊಂದು ತಿಂದನು, ಅವನಿಗೆ ಮರಣದಂಡನೆಯಾಯಿತು, ಆ ದಿನ ಚತುರ್ದಶಿ. ಯಮಪಾಲನು ಮೊದಲು ಮನೆಯ ಮೂಲೆಯಲ್ಲಿ ಅಡಗಿ, ಊರಲ್ಲಿಲ್ಲವೆಂದು ಹೇಳಿಬಿಡೆಂದು ಹೆಂಡತಿಗೆ ಹೇಳಿದನು. ಕುಮಾರನ ಮೈಮೇಲಿನ ಒಡವೆಗಳು ಕೊಂದವನ ಪಾಲಾಗುವುವೆಂಬ ಆಸೆಯಿಂದ ಆಕೆ ಬಾಯಲ್ಲಿ ಇಲ್ಲವೆನ್ನುತ್ತ ಕೈಸನ್ನೆಯಲ್ಲಿ ಅವನನ್ನು ತೋರಿಸಿಕೊಟ್ಟಳು. ಹೊರಗೆ ಎಳೆತಂದಾಗ ಅವನು ಅರಸನೆದುರಿಗೆ ನಿಂತು, ಇಂದು ಕೊಲ್ಲಲಾರೆನೆಂದನು. ಕೊಲ್ಲಬೇಕೆಂದಿದ್ದ ಆಜ್ಞೆ ನ್ಯಾಯವಾದ ಆಜ್ಞೆ. ಹಿಂಸೆಯನ್ನು ತಡೆಯುವುದಕ್ಕಾಗಿಯೇ ಹೊರಟದ್ದು. ತರ್ಕಿಸಲು ಕುಳಿತಿದ್ದರೆ ಮೀನಿನ ಹೊಟ್ಟೆಯೊಳಗಿನ ಮೀನಿಗಿಂತ ನೂರು ಪಾಲು ಉತ್ತಮವಾದ ಕಾರಣ ಅವನ ಕೈಯಲ್ಲಿಯೇ ಇತ್ತು. ಇಬ್ಬರನ್ನೂ ಮೊಸಳೆಗಳ ಮಡುವಿಗೆ ಎಸೆಯಿರೆಂದು ಅರಸನು ಆಜ್ಞಾಪಿಸಿದನು. ದೇವತೆಗಳು ಯಮಪಾಲನನ್ನು ಕಾಪಾಡಿದರೆಂದು ಕಥೆ ಮುಂದುವರಿಯುತ್ತದೆ. ಮಡುವಿನ ಅಂಚಿನಲ್ಲಿ ಅದು ಅವನಿಗೆ ಗೊತ್ತಿರಲಿಲ್ಲ.

ವರ್ಷದ ಮಿಕ್ಕ ದಿನಗಳಲ್ಲಿ ಅವನು ಕೊಲೆಗಾರನೇ. ಆ ಒಂದು ತಿಥಿಯ ಮೇರೆಯೊಳಗೆ ಮಾತ್ರ ಯಾವ ರಾಜನಿಗೂ ಯಾವ ಕಾರಣಕ್ಕೂ ಪ್ರವೇಶವಿರಲಿಲ್ಲ. ಅಣುವ್ರತವನ್ನು ಅಣುವೆಂದು ಕರೆದವರು ಅದನ್ನು ಬಗ್ಗಿಸಬಹುದೆಂಬ ಅರ್ಥದಲ್ಲಿ ಕರೆಯಲಿಲ್ಲ. ಪಂಚಾಯತಿಯ ಸದಸ್ಯನಾಗಲಿ ಕಚೇರಿಯ ಗುಮಾಸ್ತನಾಗಲಿ ಇಡೀ ರಾಜ್ಯಯಂತ್ರವನ್ನು ಶುದ್ಧಮಾಡುವ ವ್ರತವನ್ನು ಹಿಡಿಯಲಾರ. ಇಂಥ ಕಾಗದಕ್ಕೆ ಸಹಿ ಹಾಕೆನು, ಇಂಥವರಿಂದ ಹಬ್ಬದ ಉಡುಗೊರೆಯನ್ನೂ ಮುಟ್ಟೆನು ಎಂದು ಗುರುಗಳ ಮುಂದೆ, ಇಲ್ಲವೇ ಮನೆಯ ಹಿರಿಯರ ಮುಂದೆಯಾದರೂ, ಸಂದರ್ಭ ಬರುವ ಮೊದಲೇ ಹೇಳಿಬಿಡಬಲ್ಲ.

ಫ್ರಾಂಕ್ಲಿನ್ ತನ್ನ ಮನೆಯಲ್ಲಿ ಗುಲಾಮರನ್ನು ಇಟ್ಟುಕೊಂಡಿದ್ದನು. ಅವನ ಪತ್ರಿಕೆಯಲ್ಲಿ ಗುಲಾಮರ ಮಾರಾಟದ ಜಾಹೀರಾತುಗಳು ಅಚ್ಚಾಗುತ್ತಿದ್ದವು. ಕರಿಚುಕ್ಕೆಗಳ ಪುಸ್ತಕ ಅದನ್ನು ಹಿಡಿಯಲಿಲ್ಲ. ಮುಪ್ಪಿನಲ್ಲಿ, 1787ರಲ್ಲಿ, ಗುಲಾಮಗಿರಿಯನ್ನು ತೊಡೆಯಲು ಹೊರಟ ಪೆನ್ಸಿಲ್ವೇನಿಯದ ಸಂಘಕ್ಕೆ ಅಧ್ಯಕ್ಷನಾದನು. 1790ರ ಫೆಬ್ರವರಿಯಲ್ಲಿ ಆ ಅನ್ಯಾಯವನ್ನು ನಿಲ್ಲಿಸಬೇಕೆಂದು ದೇಶದ ಮಹಾಸಭೆಗೆ ಸಲ್ಲಿಸಿದ ಮನವಿಗೆ ಸಹಿ ಹಾಕಿದನು. ಸಭೆ ಒಪ್ಪಲಿಲ್ಲ. ಏಪ್ರಿಲ್ 17ರಂದು ತೀರಿಕೊಂಡನು.

ಗಂಗರಾಜನ ಮನೆಯಲ್ಲಿ ಕೊನೆಯ ಮಾತನ್ನು ಆಡಿದವರು ಹೆಂಗಸರು. ತಾಯಿ ಪೋಚಲದೇವಿಯೂ ಹೆಂಡತಿ ಲಕ್ಷ್ಮಿಯೂ 1121ರ ಸುಮಾರಿಗೆ, ಹೆಚ್ಚು ಅಂತರವಿಲ್ಲದೆ, ಸಲ್ಲೇಖನದಿಂದ ದೇಹವನ್ನು ಬಿಟ್ಟರು. ಗುರು ಶುಭಚಂದ್ರರು 1123ರಲ್ಲಿ ಮುಡಿಪಿದರು. ಮೂವರಿಗೂ ನಿಸಿದಿಯ ಕಲ್ಲುಗಳನ್ನು ನಿಲ್ಲಿಸಿದವನು ಗಂಗರಾಜನೇ. ಇರುಳಿನಲ್ಲಿ ಕುದುರೆಯೇರಿದ ಆ ಮನುಷ್ಯ, ಅನ್ನವನ್ನೂ ನೀರನ್ನೂ ಒಂದೊಂದಾಗಿ ಬಿಟ್ಟವರ ಪಕ್ಕದಲ್ಲಿ ಕುಳಿತು ಏನನ್ನು ಯೋಚಿಸಿರಬಹುದೆಂದು ಯಾವ ಕವಿಯೂ ಬರೆದಿಲ್ಲ. 1133ರಲ್ಲಿ ಆತನು ತೀರಿಕೊಂಡ ಮೇಲೆ ಮಗ ಬೊಪ್ಪನು ತಂದೆಯ ನೆನಪಿಗೆ ದೋರಸಮುದ್ರದಲ್ಲಿ ಪಾರ್ಶ್ವನಾಥನ ಬಸದಿಯನ್ನು ಕಟ್ಟಿಸಿ, ತಂದೆಯ ಬಿರುದಿನಿಂದಲೇ ದ್ರೋಹಘರಟ್ಟ ಜಿನಾಲಯವೆಂದು ಕರೆದನು. ಪ್ರತಿಷ್ಠೆಯ ಗಂಧೋದಕವನ್ನೂ ಶೇಷೆಯನ್ನೂ ಹಿಡಿದು ಅರ್ಚಕರು ಬಂಕಾಪುರಕ್ಕೆ ಹೋದಾಗ ವಿಷ್ಣುವರ್ಧನನು ಮಸಣನೆಂಬ ಶತ್ರುವನ್ನು ಕೊಂದು ಗೆದ್ದಿದ್ದನು; ಆಗಲೇ ಮಗನೂ ಹುಟ್ಟಿದ್ದನು. ಅರಸನು ಗಂಧೋದಕವನ್ನು ತಲೆಗೆ ಒತ್ತಿಕೊಂಡು, ಗೆಲುವೂ ಮಗನೂ ಈ ಪ್ರತಿಷ್ಠೆಯ ಪುಣ್ಯದಿಂದಲೇ ಬಂದುವೆಂದು ಭಾವಿಸಿ, ದೇವರಿಗೆ ವಿಜಯಪಾರ್ಶ್ವನೆಂದೂ ಮಗನಿಗೆ ವಿಜಯನರಸಿಂಹನೆಂದೂ ಹೆಸರಿಟ್ಟನು. ಹಳೇಬೀಡಿನ ಬಸದಿಹಳ್ಳಿಯಲ್ಲಿ ಆ ಪಾರ್ಶ್ವನಾಥನು ಇಂದಿಗೂ ಕಾಯೋತ್ಸರ್ಗದಲ್ಲಿ, ಎರಡು ಕೈಗಳನ್ನೂ ಬರಿದಾಗಿ ಇಳಿಬಿಟ್ಟು ನಿಂತಿದ್ದಾನೆ.